ಕೆಂಡದ ಮೇಲಿನ ಖಂಡ

(ಬೈಲಹೊಂಗಲ, ಕಿತ್ತೂರು, ಸವದತ್ತಿ, ರಾಮದುರ್ಗ ಭಾಗದ ಯುವಕ ಯುವತಿಯರ ಶಿಬಿರದಲ್ಲಿ ಆಡಿದ ಮಾತು. ಮಾತಾಡಿದ ಹಾಗೆಯೇ ಬರೆದು ಕೊಟ್ಟಿದ್ದೇನೆ.)



ನನಗೆ ಕೊಟ್ಟ ವಿಷಯ 'ನಾವು ಮತ್ತು ಸಂಸ್ಕೃತಿ'. ಸಂಸ್ಕೃತಿ ಅಂದಕೂಡಲೇ ನಮ್ಮ ಕಾಲೇಜಿನಲ್ಲಿ ವೀಣೆ ತೋರಿಸುತ್ತಾರೆ, ಭರತನಾಟ್ಯ ತೋರಿಸುತ್ತಾರೆ, ಬೇಲೂರು ಹಳೇಬೀಡಿನ ಫೋಟೋ ತೋರಿಸುತ್ತಾರೆ. ನಾನೂ ಅದನ್ನೇ ಬರೆದು ಬಿ.ಎ. ಪಾಸಾದವನು. ಇವತ್ತು ಅದನ್ನೆಲ್ಲ ಬದಿಗಿಟ್ಟು ಖಂಡದ ಬಗ್ಗೆ ಮಾತಾಡುತ್ತೇನೆ. ಖಾರ ಸವರಿ ಕೆಂಡದ ಮೇಲೆ ಸುಟ್ಟ ಖಂಡದ ಬಗ್ಗೆ. ಮೂಗು ಮುಚ್ಚಿಕೊಳ್ಳುವವರು ಈಗಲೇ ಮುಚ್ಚಿಕೊಳ್ಳಬಹುದು.

ಇದಕ್ಕೆ ಕಾರಣ ಐತಿ. ಈ ಶಿಬಿರದ ತಯಾರಿಗೆ ಕೂತಾಗ ಒಂದು ಪ್ರಶ್ನೆ ಎದ್ದಿತು: ರಾತ್ರಿ ಊಟಕ್ಕೆ ಏನು? ಒಬ್ಬರು "ಖಂಡ ಸುಡೂಣು" ಅಂದರು. ಇನ್ನೊಬ್ಬರು "ಬ್ಯಾಡ್ರಪಾ, ಬ್ಯಾರೆ ಮಂದೀನೂ ಬರತಾರ, ಅನ್ನ ಸಾರು ಶಿರಾ ಮಾಡೂಣು, ಯಾಕ ಸುಮ್ಮನ ಬಾಯಿಗೆ ಬೀಳೂದು" ಅಂದರು. ಮಾತು ಜಗಳಕ್ಕೆ ಹೋಯಿತು. ತೀರ್ಮಾನ ಆಗಲಿಲ್ಲ. ಇದು ಹೊಟ್ಟೆಯ ಪ್ರಶ್ನೆಯಾಗಿದ್ದರೆ ಹತ್ತು ನಿಮಿಷಕ್ಕೆ ಮುಗಿಯುತ್ತಿತ್ತು. ಮುಗಿಯಲಿಲ್ಲ ಅಂದರೆ ಇದು ಹೊಟ್ಟೆಯದಲ್ಲ, ತಲೆಯದು. ನನ್ನ ಮಾತು ಮುಗಿದ ಮೇಲೆ ನೀವೇ ತೀರ್ಮಾನ ಹೇಳಬೇಕು.

ಮೊದಲು ನಾಚಿಕೊಳ್ಳುವ ವಸ್ತು ಏನು ಅಂತ ನೋಡೋಣ.

ನಮ್ಮ ಭಾಗದಲ್ಲಿ ಬೇಸಿಗೆ ಬಂತು ಅಂದರೆ ಖಾರ ಕುಟ್ಟುವ ಕಾಲ. ಒಂದು ವರ್ಷಕ್ಕೆ ಆಗುವಷ್ಟು ಖಾರ ಒಮ್ಮೆಗೇ ಆಗಬೇಕು. ಬ್ಯಾಡಗಿ ಮೆಣಸಿನಕಾಯಿ ಬಣ್ಣಕ್ಕೆ, ಗುಂಟೂರು ಕಾಯಿ ಉರಿಗೆ. ಬ್ಯಾಡಗಿ ಕಾಯಿಗೆ 2011ರಲ್ಲಿ ಭೌಗೋಳಿಕ ಗುರುತಿನ ಸರಕಾರಿ ಮಾನ್ಯತೆ ಬಂದಿದೆ. ಅದರ ಕೆಂಪನ್ನು ಹಿಂಡಿ ತೆಗೆದು ತುಟಿಯ ಬಣ್ಣಕ್ಕೂ ಹಾಕುತ್ತಾರೆ. ಪ್ಯಾಟಿ ಮಂದಿಯ ತುಟಿಯ ಮೇಲೂ, ನಮ್ಮವ್ವನ ಒಳಕಲ್ಲಿನಲ್ಲೂ ಇರೋದು ಒಂದೇ ಕೆಂಪು.

ಕಾಯಿಯ ತೊಟ್ಟು ಮುರಿದು ಬಿಸಿಲಿಗೆ ಹಾಕಬೇಕು, ಮುರಿದರೆ ಟಕ್ ಅನ್ನುವ ಹಾಗೆ. ಹವೀಜ, ಜೀರಗಿ, ಮೆಂತೆ, ಎಳ್ಳು, ಕಸಕಸಿ ಒಂದೊಂದೇ ಬೇರೆ ಬೇರೆ ಹುರಿಯಬೇಕು. ಕೂಡಿಸಿ ಹುರಿದರೆ ಹವೀಜ ಬೇಯುವುದರೊಳಗೆ ಕಸಕಸಿ ಕರಗಾಗುತ್ತದೆ. ಒಣಕೊಬ್ಬರಿ ಹೆರೆದು ಹುರಿಯಬೇಕು. ಉಳ್ಳಾಗಡ್ಡಿ ಹೆಚ್ಚಿ ಒಣಗಿಸಿ ಎಣ್ಣೆಯಲ್ಲಿ ಕೆಂಪಗೆ ಕರಿಯಬೇಕು. ಲವಂಗ, ಚಕ್ಕಿ, ಯಾಲಕ್ಕಿ, ಕಲ್ಲಹೂವು ಕೈಲಾದಷ್ಟು, ಯಾಕಂದರೆ ಅವು ರೊಕ್ಕದ ಸಾಮಾನು. ಅರಿಷಿಣದ ಕೊಂಬು, ಇಂಗು, ಹಿಡಿ ತುಂಬ ಬಳ್ಳೊಳ್ಳಿ, ಉಪ್ಪು. ಎಲ್ಲ ಕೂಡಿಸಿ ಒನಕೆಯಿಂದ ಕುಟ್ಟಿ, ಕುಸುಬಿ ಎಣ್ಣಿ ಹಾಕಿ ನಾದಿ ಗಡಿಗೆಯಲ್ಲಿ ಒತ್ತಿ ತುಂಬಿ, ಮೇಲೆ ಒಂದು ಇಂಗಿನ ತುಂಡು ಇಟ್ಟು ಬಾಯಿ ಕಟ್ಟಬೇಕು. ವರ್ಷ ಕಳೆದರೂ ಹುಳ ಬೀಳುವುದಿಲ್ಲ. ಈಗ ಗಿರಣಿ ಬಂದಿದೆ, ಖರೆ. ಆದರೆ ಹುರಿಯುವ ಕೈ, ಸೀನುವ ಮೂಗು, ರಾತ್ರಿಯೆಲ್ಲ ಉರಿಯುವ ಅಂಗೈ ಇವತ್ತಿಗೂ ಹೆಂಗಸರದೇ. ಈ ಮಾತಿಗೆ ಮತ್ತೆ ಬರುತ್ತೇನೆ.

ಇನ್ನು ಸುಡುವುದು. ಖಂಡವನ್ನು ನಾರಿಗೆ ಅಡ್ಡ ಕೊಯ್ಯಬೇಕು. ನಾರಿನ ಜೊತೆಗೇ ಉದ್ದ ಕೊಯ್ದರೆ ಹಗ್ಗ ಅಗಿದ ಹಾಗೆ. ಉಪ್ಪು ಮೊದಲೇ ಸವರಿ ಇಡಬೇಕು. ಉಪ್ಪು ಮೊದಲು ನೀರು ಬಿಡಿಸುತ್ತದೆ, ಆಮೇಲೆ ಆ ನೀರು ಉಪ್ಪಿನ ಸಮೇತ ಒಳಗೆ ಹೋಗುತ್ತದೆ, ಖಂಡದ ಒಳಗೂ ರುಚಿ ಹತ್ತುತ್ತದೆ. ಉರಿಗೆ ಜಾಲಿ ಕಟಿಗಿ ಬೇಕು. ನಮ್ಮ ಎರಿ ಹೊಲದ ಬದುವಿನ ಮೇಲೆ ಅದಕ್ಕೆ ಬರ ಇಲ್ಲ. ಹತ್ತಿ ಕಟಿಗಿ ಭಗ್ಗನೆ ಹೊತ್ತಿ ಬೂದಿಯಾಗುತ್ತದೆ, ಜಾಲಿಯ ಕೆಂಡ ತಾಸುಗಟ್ಟಲೆ ನಿಲ್ಲುತ್ತದೆ. ಉರಿ ಇಳಿದು, ಕೆಂಡದ ಮೇಲೆ ಬಿಳಿ ಬೂದಿ ಕೂತಾಗ ಸುಡುವ ಹೊತ್ತು. ಸೈಕಲ್ಲಿನ ಹಳೇ ಕಡ್ಡಿಯನ್ನು ಬೆಂಕಿಗೆ ಹಿಡಿದು, ತಿಕ್ಕಿ ತೊಳೆದು, ಅದಕ್ಕೆ ತುಂಡು ಪೋಣಿಸುತ್ತೇವೆ. ಖಾರವನ್ನು ಎಣ್ಣೆಯಲ್ಲಿ ಕಲಸಿ ಅರ್ಧ ಸುಟ್ಟ ಮೇಲೆ ಸವರಬೇಕು. ಮೊದಲೇ ಸವರಿ ಉರಿಗೆ ಒಡ್ಡಿದರೆ ಮೆಣಸಿನಕಾಯಿ ಖಂಡಕ್ಕಿಂತ ಮೊದಲು ಸುಟ್ಟು ಕಹಿಯಾಗುತ್ತದೆ. ಕೊಬ್ಬು ಕರಗಿ ಕೆಂಡದ ಮೇಲೆ ಬಿದ್ದಾಗ ಏಳುವ ಹೊಗೆ ಇದೆಯಲ್ಲ, ಅದೇ ಅರ್ಧ ರುಚಿ. ಇಳಿಸಿದ ಕೂಡಲೇ ಹರಿಯಬಾರದು, ಸ್ವಲ್ಪ ಹೊತ್ತು ತಡೆಯಬೇಕು, ರಸ ಒಳಗೇ ಕೂರುತ್ತದೆ. ಜ್ವಾಳದ ಬಿಸಿ ರೊಟ್ಟಿ, ಹಸಿ ಉಳ್ಳಾಗಡ್ಡಿ.

ಇದನ್ನೇ ದೊಡ್ಡ ದೊಡ್ಡ ಪಟ್ಟಣಗಳ ಹೋಟೆಲ್ಲಿನಲ್ಲಿ ಸ್ಟೇಕ್ ಅಂತಾರೆ, ಗ್ರಿಲ್ ಅಂತಾರೆ, ಬಿಳಿ ಪಿಂಗಾಣಿಯಲ್ಲಿ ಇಟ್ಟು ಚಾಕು ಕೊಡುತ್ತಾರೆ. ಕೇರಿಯಲ್ಲಿ ಸುಟ್ಟರೆ ನಾತ, ಅಲ್ಲಿ ಸುಟ್ಟರೆ ಘಮ. ಬಿಸಿಲಿಗೆ ಒಣಗಿಸಿದ ಖಂಡವನ್ನು ನಮ್ಮ ಅಜ್ಜಿಯರು ಹಗ್ಗದ ಮೇಲೆ ಹಾಕಿದರೆ ಊರವರು ದಾರಿ ಬದಲಿಸುತ್ತಿದ್ದರು. ಅದೇ ಒಣಖಂಡ ಜರ್ಕಿ ಅನ್ನುವ ಹೆಸರಿನಲ್ಲಿ ಪಾಕೀಟಿನಲ್ಲಿ ಜಗತ್ತೆಲ್ಲ ತಿರುಗುತ್ತದೆ. ಆ ಹೆಸರು ಬಂದದ್ದೂ ದಕ್ಷಿಣ ಅಮೆರಿಕದ ಮೂಲನಿವಾಸಿ ಕೆಚುವಾ ಜನರ ಭಾಷೆಯಿಂದಲೇ. ಕಲಿಸಿದವರು ಬಡವರು, ಹೆಸರು ಮಾಡಿದವರು ಬೇರೆಯವರು.

ನಿಮಗೆ ಒಂದು ಹಳೇ ಕತೆ ಹೇಳಬೇಕು. ಕಲ್ಯಾಣದ ಚಾಲುಕ್ಯರ ದೊರೆ ಮೂರನೇ ಸೋಮೇಶ್ವರ 12ನೇ ಶತಮಾನದಲ್ಲಿ, ಸುಮಾರು 1130ರ ಹೊತ್ತಿಗೆ, ಸಂಸ್ಕೃತದಲ್ಲಿ 'ಮಾನಸೋಲ್ಲಾಸ' ಅನ್ನುವ ದೊಡ್ಡ ಗ್ರಂಥ ಬರೆಸಿದ. ಅದರಲ್ಲಿ ಊಟದ ಭಾಗವೇ ಬೇರೆ ಇದೆ. ಮಾಂಸದ ತುಂಡಿಗೆ ಮಸಾಲೆ ಹಚ್ಚಿ, ಸಲಾಕೆಗೆ ಚುಚ್ಚಿ, ಕೆಂಡದ ಮೇಲೆ ಸುಡುವ ಬಗೆ ಅದರಲ್ಲಿದೆ. ಆಗ ಮೆಣಸಿನಕಾಯಿ ಇರಲಿಲ್ಲ. ಮೆಣಸಿನಕಾಯಿ ಅಮೆರಿಕ ಖಂಡದ ಬೆಳೆ, ಪೋರ್ಚುಗೀಸರು ಬಂದ ಮೇಲೆ ಈ ಮಣ್ಣಿಗೆ ಬಂತು. ಅರಸನ ಅಡಿಗೆಯಲ್ಲಿ ಕರಿಮೆಣಸು, ಇಂಗು, ಉಪ್ಪು. ಆದರೆ ಸಲಾಕೆ ಅದೇ, ಕೆಂಡ ಅದೇ.

ಆ ಚಾಲುಕ್ಯರ ಸಾಮಂತರೇ ಸವದತ್ತಿಯ ರಟ್ಟರು. ಸವದತ್ತಿಯ ಹಳೇ ಹೆಸರು ಸುಗಂಧವರ್ತಿ. ಸುಗಂಧದ ಊರು! ಅರಸ ಸುಟ್ಟು ತಿಂದರೆ ಅದು ಗ್ರಂಥ, ವಿದ್ವಾಂಸರು ಪಿಎಚ್.ಡಿ. ಮಾಡುತ್ತಾರೆ. ಮಾದರ ಕೇರಿಯಲ್ಲಿ, ಹೊಲಗೇರಿಯಲ್ಲಿ ಸುಟ್ಟು ತಿಂದರೆ ಅದು ಹೊಲಸು. ಹೀಗಾದರೆ ಹೊಲಸು ಇರೋದು ಖಂಡದಲ್ಲೋ, ತಿನ್ನುವವನ ಹೆಸರಿನಲ್ಲೋ? ಸೋಮೇಶ್ವರನ ನಂತರ ಅದೇ ಕಲ್ಯಾಣದಲ್ಲಿ ಬಸವಣ್ಣ ಮಾದಾರ ಚೆನ್ನಯ್ಯನನ್ನು ತನ್ನ ಹಿರಿಯನೆಂದು ಒಪ್ಪಿದ. ಇವತ್ತು ಚೆನ್ನಯ್ಯನ ಹೆಸರು ಹೇಳಿ ಭಾಷಣ ಮಾಡುವವರು ನಮ್ಮ ಭಾಗದಲ್ಲಿ ಬಹಳ. ಚೆನ್ನಯ್ಯನ ಕೇರಿಯಲ್ಲಿ ಕೂತು ಒಂದು ರೊಟ್ಟಿ ಮುರಿಯುವವರು ಎಷ್ಟು ಮಂದಿ? ಕೈ ಎತ್ತಿ ಅಂದರೆ ಎಣಿಸಲಿಕ್ಕೆ ಒಂದು ಕೈ ಸಾಕು.

ಎಲ್ಲಮ್ಮನ ಗುಡ್ಡ ಇಲ್ಲೇ ಐತಿ. ಪಡ್ಡಲಗಿ ತುಂಬಿಸಲಿಕ್ಕೆ ಲಕ್ಷಗಟ್ಟಲೆ ಮಂದಿ ಬರುತ್ತಾರೆ. ದೇವದಾಸಿಯಾಗಿ ಬಿಡುವುದನ್ನು ಕರ್ನಾಟಕ 1982ರ ಕಾಯ್ದೆಯಲ್ಲಿ ನಿಷೇಧಿಸಿತು. ಅಲ್ಲಿಯತನಕ, ಆಮೇಲೂ ಕದ್ದು ಮುಚ್ಚಿ, ದೇವರ ಹೆಸರಿನಲ್ಲಿ ಮುತ್ತು ಕಟ್ಟಿಸಿಕೊಂಡ ಹೆಣ್ಣುಮಕ್ಕಳಲ್ಲಿ ಹೆಚ್ಚಿನವರು ನಮ್ಮ ಕೇರಿಯವರು. ಅವಳ ಮೈ ಮುಟ್ಟಿದರೆ ಮೈಲಿಗೆ ಆಗಲಿಲ್ಲ. ಅವಳ ಗಡಿಗೆಯ ಸಾರು ಮುಟ್ಟಿದರೆ ಮೈಲಿಗೆ ಆಗುತ್ತಿತ್ತು. ಇದಕ್ಕಿಂತ ದೊಡ್ಡ ಸಾಕ್ಷಿ ಯಾವ ಕೋರ್ಟಿಗೆ ಬೇಕು?

ಈಗ ನಮ್ಮೊಳಗಿನ ಪ್ರಶ್ನೆ. "ಬಾಬಾಸಾಹೇಬರೇ ಬಿಡ್ರಿ ಅಂದಾರಲ್ಲ, ನೀವ್ಯಾಕ ತಿನ್ನೂ ಮಾತು ಆಡತೀರಿ" ಅಂತ ನಮ್ಮ ಹಿರಿಯರು ಕೇಳುತ್ತಾರೆ. ಈ ಪ್ರಶ್ನೆಗೆ ಗೌರವ ಕೊಟ್ಟು ಉತ್ತರ ಹೇಳಬೇಕು. 1927ರ ಮಾರ್ಚಿಯಲ್ಲಿ ಮಹಾಡದಲ್ಲಿ ಬಾಬಾಸಾಹೇಬರು ಬಿಡಿ ಅಂದದ್ದು ಸತ್ತ ದನದ ಮಾಂಸವನ್ನು. ಸತ್ತ ದನ ಅಂದರೆ ಬರೀ ಮಾಂಸ ಅಲ್ಲ. ಗೌಡರ ಹಿತ್ತಲಲ್ಲಿ ಎತ್ತು ಸತ್ತರೆ ಹೇಳಿಕಳಿಸುತ್ತಿದ್ದರು, ಹೋಗಿ ಎಳೆಯಬೇಕು, ಸುಲಿಯಬೇಕು, ಚರ್ಮದಿಂದ ಅವರಿಗೇ ಮಿಣಿ, ಬಾರಕೋಲು, ಚಪ್ಪಲಿ ಮಾಡಿಕೊಡಬೇಕು. ಕೂಲಿ ಅಂದರೆ ಆ ಹೆಣದ ಮಾಂಸ. ರೋಗದಿಂದ ಸತ್ತಿತೋ, ಹಾವು ಕಚ್ಚಿ ಸತ್ತಿತೋ ಕೇಳುವಂತಿಲ್ಲ. ಹಸಿವು ಎಲ್ಲವನ್ನೂ ನುಂಗಿಸುತ್ತಿತ್ತು. ಅದನ್ನು ಬಿಡಿ ಅಂದರೆ ಬಿಟ್ಟಿ ಚಾಕರಿ ಬಿಡಿ ಅಂತ ಅರ್ಥ. ಅದು ಮುಷ್ಕರದ ಕರೆ. ಮಡಿಯ ಉಪದೇಶ ಅಲ್ಲ.

1948ರಲ್ಲಿ ಅವರು ಅಸ್ಪೃಶ್ಯರು ಯಾರು, ಯಾಕೆ ಅಸ್ಪೃಶ್ಯರಾದರು ಅನ್ನುವ ಪುಸ್ತಕವನ್ನೇ ಬರೆದರು. ಒಂದು ಕಾಲಕ್ಕೆ ಎಲ್ಲರೂ ದನದ ಮಾಂಸ ತಿನ್ನುತ್ತಿದ್ದರು, ಬ್ರಾಹ್ಮಣರೂ ತಿನ್ನುತ್ತಿದ್ದರು. ಬೌದ್ಧ ಧರ್ಮದ ಜೊತೆ ಪೈಪೋಟಿಗೆ ಬಿದ್ದು ಅವರು ಬಿಟ್ಟರು, ಹಸುವನ್ನು ಪೂಜೆಗೆ ಏರಿಸಿದರು. ಊರ ಹೊರಗೆ ಇದ್ದ, ಬಿಡಲಾಗದ ಬಡವರನ್ನು ಅದೇ ನೆಪದಲ್ಲಿ ಮುಟ್ಟದವರನ್ನಾಗಿ ಮಾಡಿದರು. ಇದು ಅವರ ವಾದ. ಇದನ್ನು ಓದಿದ ಮೇಲೂ ಅವರ ಹೆಸರು ಹೇಳಿ ನಮ್ಮ ಬಾಯಿಗೆ ಬೀಗ ಹಾಕುವುದು ಅವರಿಗೆ ಮಾಡುವ ಅನ್ಯಾಯ. ಹಂಗಿನ ಹೆಣದ ತುಂಡು ಬೇರೆ, ದುಡಿದ ರೊಕ್ಕಕ್ಕೆ ಅಂಗಡಿಯಲ್ಲಿ ತೂಗಿಸಿಕೊಂಡು ತಂದ ಖಂಡ ಬೇರೆ. ಮೊದಲನೆಯದನ್ನು ಬಿಟ್ಟದ್ದು ನಮ್ಮ ಸ್ವಾಭಿಮಾನ. ಎರಡನೆಯದನ್ನು ತಿನ್ನುವುದೋ ಬಿಡುವುದೋ ನಮ್ಮ ಮರ್ಜಿ.

ಮರ್ಜಿ ಅಂದೆ. ಅಲ್ಲಿ ಕಾನೂನು ಬಂದು ನಿಲ್ಲುತ್ತದೆ. 1964ರ ಕರ್ನಾಟಕದ ಕಾಯ್ದೆ ಹಸುವಿನ ವಧೆ ನಿಷೇಧಿಸಿತ್ತು. 12 ವರ್ಷ ದಾಟಿದ ಅಥವಾ ಕೆಲಸಕ್ಕೆ ಬಾರದ ಎತ್ತು, ಕೋಣ, ಎಮ್ಮೆಗಳಿಗೆ ಸರ್ಟಿಫಿಕೇಟು ಮಾಡಿಸಿಕೊಂಡು ಅವಕಾಶ ಇತ್ತು. 2020ರ ಕಾಯ್ದೆ 2021ರ ಜನವರಿಯಲ್ಲಿ ಸುಗ್ರೀವಾಜ್ಞೆಯ ಮೂಲಕ ಜಾರಿಗೆ ಬಂದು ಎತ್ತಿಗೂ ನಿಷೇಧ ಹಾಕಿತು. 13 ವರ್ಷ ದಾಟಿದ ಎಮ್ಮೆ ಕೋಣ ಮಾತ್ರ ಉಳಿದವು, ಅವೂ ಪರವಾನಿಗೆ ಇದ್ದ ಕಸಾಯಿಖಾನೆಯಲ್ಲಿ. ತಪ್ಪಿದರೆ 3ರಿಂದ 7 ವರ್ಷ ಜೈಲು, ಮೊದಲ ಸಲಕ್ಕೇ 50 ಸಾವಿರದಿಂದ 5 ಲಕ್ಷದವರೆಗೆ ದಂಡ. 2025-26ಕ್ಕೆ ನಮ್ಮ ರಾಜ್ಯದ ಉದ್ಯೋಗ ಖಾತ್ರಿ ಕೂಲಿ ದಿನಕ್ಕೆ 370 ರೂಪಾಯಿ. 5 ಲಕ್ಷ ಅಂದರೆ ಸಾವಿರದ ಮುನ್ನೂರೈವತ್ತಕ್ಕೂ ಹೆಚ್ಚು ದಿನದ ಕೂಲಿ. ಖಾತ್ರಿ ಕೆಲಸ ವರ್ಷಕ್ಕೆ ನೂರು ದಿನ ಅಂತ ಹಿಡಿದರೆ ಹದಿಮೂರು ವರ್ಷ ದಾಟುತ್ತದೆ. ಎಮ್ಮೆಗೆ ವಯಸ್ಸಾಗುವಷ್ಟು ಕಾಲ ನಾವು ದಂಡ ಕಟ್ಟಬೇಕು!

ಅಡಿಗೆ ಬಲ್ಲವರಿಗೆ ಇನ್ನೊಂದು ಗೊತ್ತಾಗುತ್ತದೆ. 13 ವರ್ಷದ ಎಮ್ಮೆಯ ಖಂಡ ಕೆಂಡಕ್ಕೆ ಒಗ್ಗುವುದಿಲ್ಲ. ದನಕ್ಕೆ ವಯಸ್ಸಾದಂತೆ ಮಾಂಸದ ಎಳೆಗಳನ್ನು ಹಿಡಿದಿಟ್ಟ ಬಂಧನ ಗಟ್ಟಿಯಾಗುತ್ತ ಹೋಗುತ್ತದೆ, ಗಡಿಬಿಡಿಯ ಉರಿಗೆ ಅದು ಬಿಡುವುದಿಲ್ಲ. ತಾಸುಗಟ್ಟಲೆ ನೀರಿನಲ್ಲಿ ಬೇಯಬೇಕು. ಹಸಿ ಪಪ್ಪಾಯಿ ಅರೆದು ಹಚ್ಚಿದರೆ ಸ್ವಲ್ಪ ಮೆತ್ತಗಾಗುತ್ತದೆ, ಹೆಚ್ಚು ಹೊತ್ತು ಬಿಟ್ಟರೆ ಮೇಲೆ ರಾಡಿ, ಒಳಗೆ ಹಗ್ಗ. ಎಳೆಯ ಖಂಡ ಸುಟ್ಟು ತಿನ್ನುವ ಸುಖವನ್ನು ಬಡವನ ಬಾಯಿಂದ ಕಾಯ್ದೆ ಕಸಿದುಕೊಂಡಿದೆ. ಕುರಿ ಖಂಡ ತಿನ್ನಿ ಅನ್ನುತ್ತಾರೆ. ಎರಡು ದಿನ ಮಣ್ಣು ಹೊತ್ತರೂ ಒಂದು ಕಿಲೋ ಕುರಿ ಖಂಡ ಕೈಗೆ ಬರುವುದು ಕಷ್ಟ. ಕೂಲಿಯವರ ಮಕ್ಕಳಿಗೆ ಅಗ್ಗದಲ್ಲಿ ಸಿಗುತ್ತಿದ್ದ ಗಟ್ಟಿ ಆಹಾರ ಇದು. ಮುದಿ ಎತ್ತನ್ನು ಮಾರಲಿಕ್ಕೆ ಬಾರದ ಸಣ್ಣ ರೈತನಿಗೂ ಪೆಟ್ಟು ಬಿದ್ದಿದೆ, ಅವನು ನಮ್ಮ ಜಾತಿಯವನೇ ಆಗಬೇಕಿಲ್ಲ. ಈ ಮಾತನ್ನು ಅವನ ಜೊತೆ ಕೂತು ಆಡಬೇಕು.

ಕಾಯ್ದೆಗಿಂತ ಹಳೆಯ ಪೋಲೀಸು ಒಬ್ಬ ಇದ್ದಾನೆ, ಅವನ ಹೆಸರು ಮೂಗು. ಓದುವಾಗ ನಾನು ಒಂದು ಊರಲ್ಲಿ ಬಾಡಿಗೆ ಖೋಲಿ ಕೇಳಲು ಹೋದೆ. ಮನೆಯವರು ಜಾತಿ ಕೇಳಲಿಲ್ಲ, ಓದಿದವರು ನೋಡಿ. "ನಿಮ್ಮ ಕಡೆ ಏನ ತಿಂತೀರಿ?" ಅಂದರು. ಅದೇ ಪ್ರಶ್ನೆ, ಅಂಗಿ ಬೇರೆ. ನಮ್ಮ ಹುಡುಗರು ಇದಕ್ಕೆ ಸುಳ್ಳು ಹೇಳಲು ಕಲಿತಿದ್ದಾರೆ. ಊರಿಂದ ಅವ್ವ ಕೊಟ್ಟ ಖಾರದ ಡಬ್ಬಿಯನ್ನು ಟ್ರಂಕಿನ ತಳದಲ್ಲಿ ಬಟ್ಟೆ ಸುತ್ತಿ ಇಡುತ್ತಾರೆ. ಸುಳ್ಳು ಹೇಳಿ ಸಿಕ್ಕ ಖೋಲಿಯಲ್ಲಿ ಮಲಗಿದವನಿಗೆ ನಿದ್ದೆ ಬರುತ್ತದೆ, ಆದರೆ ಕನಸು ಬೇರೆಯವರದು ಬೀಳುತ್ತದೆ.

ಸಾಹಿತ್ಯದಲ್ಲೂ ಹೀಗೇ. ಕನ್ನಡ ಕವಿತೆಯಲ್ಲಿ ಮಲ್ಲಿಗೆ ಘಮ್ಮೆನ್ನುತ್ತದೆ, ತುಪ್ಪ ಘಮ್ಮೆನ್ನುತ್ತದೆ. ಸುಟ್ಟ ಖಂಡ ಎಲ್ಲಿ? 1973ರಲ್ಲಿ ಮೈಸೂರಿನಲ್ಲಿ ಬಿ. ಬಸವಲಿಂಗಪ್ಪನವರು ಕನ್ನಡದಲ್ಲಿ ಬೂಸಾ ಬಹಳ ಅಂದಾಗ ಗಲಭೆ ಎದ್ದಿತು, ಮಂತ್ರಿಗಿರಿ ಹೋಯಿತು. ಆಮೇಲೆ ಬಂದ ನಮ್ಮ ಕವಿಗಳು, ಕತೆಗಾರರು ಕೇರಿಯನ್ನು ಕನ್ನಡಕ್ಕೆ ತಂದರು. ಇನ್ನೂ ಅಡಿಗೆಮನೆ ಪೂರ್ತಿ ಬಂದಿಲ್ಲ. ಪಕ್ಕದ ಮರಾಠಿಯಲ್ಲಿ ಶಾಹು ಪಾಟೋಳೆ 2015ರಲ್ಲಿ 'ಅನ್ನ ಹೇ ಅಪೂರ್ಣಬ್ರಹ್ಮ' ಅಂತ ಪುಸ್ತಕ ಬರೆದು ಮರಾಠವಾಡದ ಮಹಾರ, ಮಾಂಗರ ಅಡಿಗೆಯನ್ನು ದಾಖಲೆ ಮಾಡಿದರು. ಅನ್ನ ಪೂರ್ಣಬ್ರಹ್ಮ ಅನ್ನುವವರಿಗೆ, ನಮ್ಮ ತಾಟು ಎಣಿಸದೆ ಅದು ಪೂರ್ಣ ಹೇಗೆ ಅಂತ ಕೇಳಿದ ಹೆಸರು ಅದು. ನಮ್ಮ ನಾಲ್ಕು ತಾಲೂಕಿನ ಹುಡುಗಿಯರು, ಹುಡುಗರು ತಮ್ಮ ಅವ್ವ ಅಜ್ಜಿಯರ ಖಾರದ ಲೆಕ್ಕ ಬರೆದಿಟ್ಟರೆ ಅದೂ ಚಳವಳಿಯ ಕೆಲಸವೇ.

ಈಗ ನಮ್ಮ ಮೈಯ ಗಾಯಕ್ಕೇ ಉಪ್ಪು ಹಾಕುತ್ತೇನೆ, ಸಿಟ್ಟಾಗಬೇಡಿ. ಖಂಡ ಕೇರಿಯಲ್ಲಿ ಪಾಲು ಹಾಕುವಾಗ ಎಲ್ಲರ ಪಾಲಿಗೂ ಸಮ ಬೀಳಬೇಕು, ಎಲುಬು, ಕೊಬ್ಬು, ಮೆತ್ತನ್ನದು ಎಲ್ಲಾ ಕೂಡಿಸಿ. ಇದು ನಮ್ಮ ಹಿರಿಯರ ನ್ಯಾಯ. ಆದರೆ ಆ ಪಾಲು ಮನೆಯ ಹೊಸ್ತಿಲು ದಾಟಿದ ಮೇಲೆ? ಮೆತ್ತನ್ನ ತುಂಡು ಗಂಡಸಿನ ತಾಟಿಗೆ, ರಸ ಮಕ್ಕಳಿಗೆ, ಖಾರ ಕುಟ್ಟಿದವಳಿಗೆ ಗಡಿಗೆಯ ತಳ. ಹೊರಗೆ ಸಮತೆ ಕೇಳುವ ಬಾಯಿ ಒಳಗೆ ಮೊದಲ ತುತ್ತು ನುಂಗಿದರೆ ಆ ಬಾಯಿಯ ಮಾತಿಗೆ ಎಷ್ಟು ಬೆಲೆ? ಇನ್ನೊಂದು: ಹೊಲಗೇರಿಯವರು ಮಾದರ ಕೇರಿಯಲ್ಲಿ ಉಣ್ಣದ ಊರು ಇನ್ನೂ ಇವೆ. ಮೇಲಿನವರು ನಮಗೆ ಕಲಿಸಿದ್ದನ್ನು ನಾವು ಪಕ್ಕದವರಿಗೆ ಕಲಿಸುತ್ತಿದ್ದೇವೆ.

ಖಂಡ ತಿನ್ನದ ನಮ್ಮವರೂ ಇದ್ದಾರೆ. ಕೆಲವರು ಬುದ್ಧನ ದಾರಿ ಹಿಡಿದು ಬಿಟ್ಟವರು, ಕೆಲವರಿಗೆ ಸೇರುವುದಿಲ್ಲ. ಅವರನ್ನು ಅಳುಕಿದವರು ಅನ್ನಬೇಡಿ. ತಿಂದವನೇ ಗಂಡಸು, ತಿಂದವನೇ ಕ್ರಾಂತಿಕಾರಿ ಅನ್ನುವುದೂ ಒಂದು ಮಡಿಯೇ. ಬಿಡುವವನು ತನ್ನ ಮನಸ್ಸಿನಿಂದ ಬಿಡಲಿ, ಊರಿನ ಮೂಗಿಗೆ ಹೆದರಿ ಬಿಡಬಾರದು. ನನ್ನ ಮಾತಿನ ತಿರುಳು ಇಷ್ಟೇ.

2012ರಲ್ಲಿ ಹೈದರಾಬಾದಿನ ಉಸ್ಮಾನಿಯಾ ವಿಶ್ವವಿದ್ಯಾಲಯದ ವಿದ್ಯಾರ್ಥಿಗಳು ಬಹಿರಂಗವಾಗಿ ಬೀಫ್ ಹಬ್ಬ ಮಾಡಿದರು, ಕಲ್ಲು ತೂರಾಟವೂ ಆಯಿತು. ನಾವೂ ಇಲ್ಲಿ ಹಾಗೇ ಮಾಡೋಣ ಅಂತ ಒಬ್ಬ ಗೆಳೆಯ ಅಂದ. ನಾನು ಬೇಡ ಅಂತೇನೆ. ಕಾಯ್ದೆಯನ್ನು ಪ್ರಶ್ನೆ ಮಾಡುವುದು ವಿಧಾನಸಭೆಯ ಮುಂದೆ, ಕೋರ್ಟಿನ ಮುಂದೆ, ಬಹಿರಂಗ ಸಭೆಯಲ್ಲಿ. ಕೂಲಿ ಮಾಡಿ ಓದುವ ಕೇರಿಯ ಹುಡುಗನ ಬೆನ್ನ ಮೇಲೆ ಅದನ್ನು ಹೇರಬಾರದು. ಏಳು ವರ್ಷದ ಜೈಲು ಭಾಷಣ ಮಾಡಿದವನಿಗೆ ಬರುವುದಿಲ್ಲ, ಚೀಲ ಹೊತ್ತವನಿಗೆ ಬರುತ್ತದೆ.

ಆದ್ದರಿಂದ ನನ್ನ ಸೂಚನೆ ಹೀಗಿದೆ. ಇವತ್ತು ರಾತ್ರಿ ಕುರಿ ಖಂಡ ತರೋಣ, ದುಡಿಯುವವರು ಪಟ್ಟಿ ಹಾಕಿ, ಓದುವವರಿಂದ ಒಂದು ಪೈಸೆ ಬೇಡ. ಹಿತ್ತಲಲ್ಲಿ ಬೇಡ, ಈ ಕಟ್ಟಡದ ಮುಂದೆ, ರಸ್ತೆಗೆ ಕಾಣುವ ಹಾಗೆ ಕೆಂಡ ಮಾಡೋಣ. ಶಿರಾನೂ ಇರಲಿ, ಅನ್ನ ಸಾರೂ ಇರಲಿ, ಪಂಕ್ತಿ ಮಾತ್ರ ಒಂದೇ. ಹೊರಗಿನಿಂದ ಬಂದ ಗೆಳೆಯರು ಖಂಡ ತಿನ್ನಲೇಬೇಕು ಅಂತಿಲ್ಲ, ಪಕ್ಕದಲ್ಲಿ ಕೂತು ಶಿರಾ ತಿಂದರೆ ಸಾಕು. ಕೂರಲಾಗದವರು ನಮ್ಮ ವೇದಿಕೆಯ ಮೇಲೂ ಕೂರಬೇಕಾಗಿಲ್ಲ. ಖಾರ ಅರೆಯುವುದು, ಸುಡುವುದು, ತಾಟು ತೊಳೆಯುವುದು ಇವತ್ತು ಗಂಡಸರ ಪಾಳಿ. ಮೊದಲ ಪಂಕ್ತಿ ಹೆಂಗಸರದು.

ಇದಕ್ಕೆ ಒಪ್ಪುವವರು ಕೈ ಎತ್ತಿ. ಒಪ್ಪದವರು ಎದ್ದು ನಿಂತು ಕಾರಣ ಹೇಳಿ, ಕೇಳುತ್ತೇವೆ. ಆದರೆ "ಮಂದಿ ಏನಂತಾರ" ಅನ್ನುವ ಕಾರಣ ಒಂದನ್ನು ಬಿಟ್ಟು.

ಜೈ ಭೀಮ್.